ಲಕ್ಷ್ಮಿಯ ಬೆನ್ನು

ಹುಣಸೆಹಣ್ಣು ಹಚ್ಚಿ ಲೋಹ ತಿಕ್ಕಿದ ಮೇಲೆ ಕೈಗೆ ಹತ್ತುವ ವಾಸನೆ ನಿಮಗೂ ಗೊತ್ತಿರಬೇಕು. ಸಾಬೂನಿಗೆ ಜಗ್ಗುವುದಿಲ್ಲ ಅದು. ಊಟಕ್ಕೆ ಕುಳಿತರೆ ತುತ್ತಿನ ಜೊತೆ ಮೂಗಿಗೆ ಬರುತ್ತದೆ. ಮೊನ್ನೆ ಭಾನುವಾರ ದಿಲ್‌ಸುಖ್‌ನಗರದ ನಮ್ಮ ಮನೆಯ ಸಿಂಕಿನಲ್ಲಿ ಹಿತ್ತಾಳೆ ದೀಪ ತಿಕ್ಕುತ್ತಿದ್ದೆ. ಹುಳಿ ಲೋಹಕ್ಕೆ ತಾಗಿದೊಡನೆ ಆ ವಾಸನೆ ಎದ್ದಿತು. ಅದರ ಹಿಂದೆಯೇ ಎದೆ ಸಣ್ಣಗೆ ಹೊಡೆದುಕೊಳ್ಳತೊಡಗಿತು. ಇಷ್ಟು ವರ್ಷ ಕಳೆದರೂ ಹೀಗೆಯೇ. ಬೇರೆಯವರಿಗೆ ಇದು ಹಬ್ಬದ ವಾಸನೆ. ನನಗೆ ಮಾತ್ರ, ಅಪ್ಪನನ್ನು ಪೊಲೀಸರಿಗೆ ಒಪ್ಪಿಸಿಬಿಡುತ್ತಾರೇನೋ ಎಂದು ಕಾದ ಒಂದು ಮುಂಜಾನೆಯ ವಾಸನೆ.

ಅವನನ್ನು ಆ ಸ್ಥಿತಿಗೆ ತಂದವರು ಯಾರು ಎಂದು ಕೇಳುತ್ತೀರಿ. ಬಿ.ಎ. ಕೊನೆಯ ವರ್ಷ ಓದುತ್ತಿದ್ದ, ಪತ್ತೇದಾರಿ ಕಾದಂಬರಿಗಳನ್ನು ಅರೆದು ಕುಡಿದಿದ್ದ, ಬಾಯಿಯ ಮೇಲೆ ಹಿಡಿತವಿಲ್ಲದ ಒಬ್ಬ ಹುಡುಗಿ. ಅವಳೇ ಈಗ ನಿಮ್ಮೊಂದಿಗೆ ಮಾತಾಡುತ್ತಿರುವುದು.

ಹೈದರಾಬಾದಿನ ಪಶ್ಚಿಮದ ಬಂಡೆಗಳನ್ನೆಲ್ಲ ಸಿಡಿಸಿ ಗಾಜಿನ ಕಟ್ಟಡ ಎಬ್ಬಿಸುತ್ತಿದ್ದ ಕಾಲ ಅದು. ರಾಯಚೂರು ಜಿಲ್ಲೆಯ ನಮ್ಮ ಹಳ್ಳಿಯಿಂದ ಅಪ್ಪ, ಅವ್ವ ನನ್ನನ್ನು ಕಟ್ಟಿಕೊಂಡು ಬಂದು ಲಿಂಗಂಪಲ್ಲಿ ಸ್ಟೇಷನ್ನಿನಲ್ಲಿ ಇಳಿದಾಗ ನಾನಿನ್ನೂ ಚಿಕ್ಕವಳು. ಅಪ್ಪ ಮಣ್ಣು ಕೆಲಸದವನು. ಪಾಯ ತೋಡುವುದು, ಮಣ್ಣು ಎತ್ತುವುದು, ಆಮೇಲೆ ಹತ್ತು ಜನರ ಗುಂಪಿಗೆ ಮೇಸ್ತ್ರಿ. ಕಂಪ್ಯೂಟರಿನವರು ಇಂದು ಹವಾನಿಯಂತ್ರಿತ ಕೋಣೆಯಲ್ಲಿ ಕೂರುವ ಎಷ್ಟೋ ಕಟ್ಟಡಗಳ ಬುಡದಲ್ಲಿ ನಮ್ಮಪ್ಪನ ಸಲಿಕೆ ಆಡಿದೆ ಎಂದು ನಾನು ಶಾಲೆಯಲ್ಲಿ ಹೇಳುತ್ತೇನೆ. ಕೆಲವರು ನಗುತ್ತಾರೆ. ನಗಲಿ. ಆ ಕಟ್ಟಡಗಳೇನೂ ಗಾಳಿಯಲ್ಲಿ ನಿಂತಿಲ್ಲ.

ನಮ್ಮ ವಂಶದಲ್ಲಿ ಕಾಲೇಜಿನ ಮೆಟ್ಟಿಲು ಹತ್ತಿದವಳು ನಾನೊಬ್ಬಳೇ. ಅದರಲ್ಲೂ ಚರಿತ್ರೆ ತೆಗೆದುಕೊಂಡೆ. ಅಮೀರ್‌ಪೇಟೆಯ ಗೋಡೆಗಳ ತುಂಬ ಕಂಪ್ಯೂಟರ್ ಕ್ಲಾಸಿನ ಜಾಹೀರಾತು ಮೆತ್ತಿದ್ದ ಆ ದಿನಗಳಲ್ಲಿ ಚರಿತ್ರೆ ಓದುತ್ತೇನೆ ಎನ್ನುವುದು ಯಾವುದೋ ವಾಸಿಯಾಗದ ರೋಗ ಇದೆ ಎಂದು ಹೇಳಿಕೊಂಡಂತೆ. ಅಪ್ಪನ ಸೈಟಿನ ಸೂಪರ್‌ವೈಸರ್ ರಾಜು ಕಂಡಾಗಲೆಲ್ಲ, "ಏಮ್ಮಾ, ಸತ್ತ ರಾಜರ ಹೆಸರು ಬಾಯಿಪಾಠ ಮಾಡಿದರೆ ಯಾರು ಕೆಲಸ ಕೊಡ್ತಾರೆ?" ಎನ್ನುತ್ತಿದ್ದ. ಅವನದು ತೆಲುಗು, ಹಿಂದಿ ಎರಡೂ ಕೂಡಿದ ಭಾಷೆ. ಅದನ್ನು ಕನ್ನಡಕ್ಕೆ ತಂದೇ ಹೇಳುತ್ತೇನೆ, ಅಲ್ಲಲ್ಲಿ ಉಳಿದುಕೊಂಡರೆ ಕ್ಷಮಿಸಿ.

ಪತ್ತೇದಾರಿ ಪುಸ್ತಕಗಳು ಸಿಕ್ಕಿದ್ದು ಸುಶೀಲಾಬಾಯಿಯವರಿಂದ. ಧಾರವಾಡದ ಕಡೆಯವರು. ಗಂಡನಿಗೆ ಕೇಂದ್ರ ಸರ್ಕಾರದ ಕಾರ್ಖಾನೆಯೊಂದರಲ್ಲಿ ಕೆಲಸ, ಇರಲು ಕ್ವಾರ್ಟರ್ಸು. ಅವ್ವ ಅವರ ಮನೆಯಲ್ಲಿ ಪಾತ್ರೆ ತೊಳೆಯುತ್ತಿದ್ದಳು, ನೆಲ ಒರೆಸುತ್ತಿದ್ದಳು. ರಜೆಯಲ್ಲಿ ನಾನೂ ಜೊತೆಗೆ ಹೋಗಿ, ಒರೆಸುವ ನೆಪದಲ್ಲಿ ಮಂಚದ ಕೆಳಗಿನ ಟ್ರಂಕಿನತ್ತ ತೆವಳುತ್ತಿದ್ದೆ. ಅದರ ತುಂಬ ಕನ್ನಡ ಪತ್ತೇದಾರಿ ಕಾದಂಬರಿಗಳು. ಒಂದು ದಿನ ಬಾಯಿಯವರು ಬಗ್ಗಿ ನೋಡಿ, "ಓದೂದಿದ್ರ ಮ್ಯಾಲೆ ಕುರ್ಚಿ ಮ್ಯಾಲೆ ಕೂತು ಓದವಾ. ಕಳ್ಳರ ಗತೆ ಮಂಚದ ಬುಡಕ್ಯಾಕ?" ಎಂದರು. ಕಳ್ಳರ ಕಥೆ ಓದುವುದಕ್ಕೆ ಆ ಜಾಗವೇ ಸರಿಯಾಗಿತ್ತು ಎಂದು ಈಗ ಅನಿಸುತ್ತದೆ.

ಆ ಪುಸ್ತಕಗಳಲ್ಲಿ ಒಂದು ವಿಷಯವನ್ನು ನಾನು ಬಹಳ ತಡವಾಗಿ ಗಮನಿಸಿದೆ. ಹೆಣವನ್ನು ಮೊದಲು ನೋಡುವವನು ಕೂಲಿಯವನು. ಮೊದಲು ಅನುಮಾನಕ್ಕೆ ಸಿಗುವವಳು ಮನೆಗೆಲಸದವಳು. ಇಬ್ಬರೂ ನಡುಗುತ್ತ ಎರಡು ಮಾತಾಡಿ ಕಥೆಯಿಂದ ಹೊರಗೆ ಹೋಗುತ್ತಾರೆ. ನಮ್ಮಪ್ಪ ಕೂಲಿಯವನು, ಅವ್ವ ಮನೆಗೆಲಸದವಳು. ನಾನು ಮಾತ್ರ ಓದುವಾಗೆಲ್ಲ ಕೋಟು ಹಾಕಿದ ಪತ್ತೇದಾರನ ಪಕ್ಕದಲ್ಲೇ ನಿಂತಿರುತ್ತಿದ್ದೆ. ಅವನ ಪಾಠ ಒಂದೇ: ಎಲ್ಲರನ್ನೂ ಅನುಮಾನಿಸು, ಹತ್ತಿರದವರನ್ನು ಮೊದಲು. ಅದು ನನಗೆ ಎಷ್ಟು ಹಿಡಿಸಿತ್ತೆಂದರೆ ನೋಟುಬುಕ್ಕಿನ ಹಿಂಪುಟದಲ್ಲಿ ದೊಡ್ಡಕ್ಷರದಲ್ಲಿ ಬರೆದುಕೊಂಡಿದ್ದೆ.

ಇನ್ನು ನಾಣ್ಯಗಳ ಸಂಗತಿ. ಅಪ್ಪನ ಕಡೆಯಿಂದ ನಮ್ಮ ಮನೆಗೆ ಬಂದ ಆಸ್ತಿಯೆಂದರೆ ಕೆಂಪು ಬಟ್ಟೆಯಲ್ಲಿ ಸುತ್ತಿದ ನಿಜಾಮರ ಕಾಲದ ಬೆಳ್ಳಿ ರೂಪಾಯಿಗಳು. ಒಂದು ಕಡೆ ಚಾರ್ಮಿನಾರ್, ಇನ್ನೊಂದು ಕಡೆ ಪಾರಸಿ ಬರಹ. ಆದರೆ ಅದು ಚಾರ್ಮಿನಾರ್ ಎಂದು ಹಳ್ಳಿಯಲ್ಲಿ ಯಾರಿಗೆ ಗೊತ್ತಿತ್ತು? ನಾಲ್ಕು ಗೋಪುರದ ಗುಡಿ, ಒಳಗೆ ಲಕ್ಷ್ಮಿ ಇದ್ದಾಳೆ, ಅಷ್ಟೆ. ನನ್ನ ಅಜ್ಜಿ, ಅಂದರೆ ಅಪ್ಪನ ತಾಯಿ, ಪ್ರತಿ ಶುಕ್ರವಾರ ಆ ಗುಡಿಗೆ ಅರಿಸಿನ ಕುಂಕುಮ ಮೆತ್ತಿ, ಮುಂದಿನ ಶುಕ್ರವಾರ ಹುಣಸೆಹಣ್ಣು ಬೂದಿ ಹಾಕಿ ತಿಕ್ಕಿ, ಮತ್ತೆ ಮೆತ್ತುತ್ತಿದ್ದಳು. ಅವಳ ಅತ್ತೆಯೂ ಹಾಗೆಯೇ ಮಾಡುತ್ತಿದ್ದಳಂತೆ. ನಾಣ್ಯವನ್ನು ಬೋರಲು ಇಡುವಂತಿರಲಿಲ್ಲ. ಗುಡಿಯ ಮುಖ ಯಾವಾಗಲೂ ಮೇಲೆ. ಇನ್ನೊಂದು ಕಡೆ ಲಕ್ಷ್ಮಿಯ ಬೆನ್ನು. ದೇವಿಯ ಬೆನ್ನು ನೋಡಬಾರದು, ನೋಡಿದರೆ ಎದ್ದು ಹೋಗುತ್ತಾಳೆ. ಗಂಟನ್ನು ಬಿಚ್ಚುವುದು ಮನೆಯ ಸೊಸೆ, ಗಂಡಸರು ಮುಟ್ಟುವಂತಿಲ್ಲ. ಹೈದರಾಬಾದಿಗೆ ಬಂದ ಮೇಲೆ ಶುಕ್ರವಾರಗಳು ತಪ್ಪಿದವು. ದೀಪಾವಳಿಗೆ ಮಾತ್ರ ಗಂಟು ಬಿಚ್ಚುತ್ತಿದ್ದಳು ಅವ್ವ.

ಅಪ್ಪ ಮೊದಲ ಸಲ ನಿಜವಾದ ಚಾರ್ಮಿನಾರ್ ನೋಡಿದ ದಿನ ನಾನು ಜೊತೆಗಿದ್ದೆ. ಆಟೋ, ಬಂಡಿ, ಬಳೆ ಅಂಗಡಿಯ ಗದ್ದಲದ ನಡುವೆ ಚಪ್ಪಲಿ ಬಿಟ್ಟು ಕೈ ಮುಗಿದು ನಿಂತುಬಿಟ್ಟ. "ಯವ್ವಾ, ನಮ್ಮ ಲಕ್ಷ್ಮಿ ಗುಡಿ ಇಷ್ಟ್ ದೊಡ್ಡದೈತಿ ಅಂತ ಗೊತ್ತಿದ್ದಿಲ್ಲ ನೋಡು!" ನನಗೆ ನಾಚಿಕೆಯಾಗಿ ಅವನ ಅಂಗಿ ಜಗ್ಗಿದ್ದೆ. ಓದಿದವರ ಮಕ್ಕಳಿಗೆ ಇಂಥ ನಾಚಿಕೆ ಇರುವುದಿಲ್ಲ, ಓದುತ್ತಿರುವ ಮಕ್ಕಳಿಗೆ ಇರುತ್ತದೆ.

ಪರೀಕ್ಷೆಗೆ ಓದಲು ರಜೆ ಕೊಟ್ಟಿದ್ದರು. ನಾಂಪಲ್ಲಿಯ ಹಾಸ್ಟೆಲ್ಲಿನಿಂದ, ಅಪ್ಪ ಅವ್ವ ಇದ್ದ ಸೈಟಿನ ತಗಡಿನ ಶೆಡ್ಡಿಗೆ ಬಂದಿದ್ದೆ. ಒಂದು ಮಧ್ಯಾಹ್ನ ಪಾಯದ ಮೂಲೆಯಲ್ಲಿ ಯಂತ್ರದ ಹಲ್ಲಿಗೆ ಮಣ್ಣಿನ ಗಡಿಗೆಯೊಂದು ಸಿಕ್ಕು ಒಡೆಯಿತು. ಒಳಗಿನಿಂದ ಕಪ್ಪು ಬಿಲ್ಲೆಗಳು ಸುರಿದವು. ಯಾರೋ ಉಗುರಿನಿಂದ ಕೆರೆದು ನೋಡಿ "ಬೆಳ್ಳಿ!" ಎಂದು ಕೂಗಿದರು. ಒಂದು ಗಳಿಗೆ ಎಲ್ಲ ಕೈಗಳೂ ಮಣ್ಣಿನಲ್ಲಿದ್ದವಂತೆ. ರಾಜು ಓಡಿ ಬಂದು ಬೈದು, ಸಿಕ್ಕಿದ್ದನ್ನೆಲ್ಲ ಬಕೆಟ್ಟಿಗೆ ಹಾಕಿಸಿ, ಆಫೀಸಿನಲ್ಲಿಟ್ಟು ಬೀಗ ಹಾಕಿದ. ಮೇಲಿನವರಿಗೆ ಫೋನು ಹೋಯಿತು. ಮರುದಿನ ಬೆಳಿಗ್ಗೆ ಹಳೆಯ ನಾಣ್ಯ ಬಲ್ಲ ಸರ್ಕಾರಿ ಅಧಿಕಾರಿಯೊಬ್ಬರು ಬರುತ್ತಾರೆಂದು ಗೊತ್ತಾಯಿತು. ಅಷ್ಟರಲ್ಲಿ ಯಂತ್ರದ ಡ್ರೈವರು, "ಗಡಿಗೆ ತುಂಬ ಇತ್ತು, ಬಕೆಟ್ಟಿನಲ್ಲಿ ಅರ್ಧವೂ ಇಲ್ಲ" ಎಂದ. ರಾಜುವಿನ ಮುಖ ಬಿಳಿಚಿಕೊಂಡಿತು. ಕಡಿಮೆ ಬಿದ್ದರೆ ಮೇಲಿನವರು ಅವನ ಕುತ್ತಿಗೆಗೇ ಬರುತ್ತಿದ್ದರು. ಶೆಡ್ಡುಗಳನ್ನು ಶೋಧಿಸತೊಡಗಿದ.

ನಮ್ಮ ಶೆಡ್ಡಿಗೆ ಬಂದಾಗ ಒಳಗೆ ನಾನೊಬ್ಬಳೇ. ಅವ್ವ ಸುಶೀಲಾಬಾಯಿಯವರ ಮನೆಯಲ್ಲಿದ್ದಳು. ಅಪ್ಪ ಪಾಯದಿಂದ ಹತ್ತಿ ಬರುತ್ತಿದ್ದ. ಮುಚ್ಚಿಡಲು ನಮ್ಮಲ್ಲೇನಿದೆ ಎಂಬ ಠೀವಿಯಿಂದ ನಾನೇ ಟ್ರಂಕು ತೆರೆದೆ. ಸೀರೆಗಳ ಕೆಳಗಿದ್ದ ಕೆಂಪು ಗಂಟನ್ನು ನಾನೇ ತೆಗೆದೆ. "ಇವು ನಮ್ಮ ಪೂಜೆಯವು, ಅಜ್ಜಿಯ ಕಾಲದವು. ಐದಿವೆ ನೋಡಿ" ಎಂದು ಚೊಕ್ಕ ತೆಲುಗಿನಲ್ಲಿ ಹೇಳಿ ಬಿಚ್ಚಿದೆ.

ಗಂಟಿನಲ್ಲಿ ಏಳಿದ್ದವು.

ಅಲ್ಲಿಗೆ ಬಾಯಿ ಮುಚ್ಚಬೇಕಿತ್ತು. ಮುಚ್ಚಿದ್ದರೆ ನಾನೆಂಥ ಪತ್ತೇದಾರಿಣಿ? "ಏಳು ಹೇಗಾದವು? ಐದೇ ಇದ್ದವಲ್ಲ!" ಎಂದು ಗಟ್ಟಿಯಾಗಿ ಕೂಗಿದೆ. ತಲೆಯೆತ್ತಿದಾಗ ಅಪ್ಪ ಬಾಗಿಲಲ್ಲಿ ನಿಂತಿದ್ದ. ಮೈತುಂಬ ಮಣ್ಣು. ಅವನು ನಾಣ್ಯಗಳನ್ನು ನೋಡಲಿಲ್ಲ, ನನ್ನನ್ನು ನೋಡಿದ.

ರಾಜು ನಿಧಾನವಾಗಿ ನಕ್ಕ. "ಓದಿದ ಹುಡುಗಿ, ಸುಳ್ಳು ಹೇಳಲ್ಲ. ಐದು ಇದ್ದವಂತೆ ಮೇಸ್ತ್ರಿ. ಎರಡು ಮರಿ ಹಾಕಿದವಾ?" ರಾಜು ಕೈ ಹಿಂದಕ್ಕೆ ಕಟ್ಟಿಕೊಂಡ. "ನಾನು ಇವನ್ನು ಮುಟ್ಟಲ್ಲ. ಮುಟ್ಟಿದರೆ ನಾಳೆ ನಾನೇ ಇಟ್ಟೆ ಅಂತೀರಿ. ಏಳು ಅಂತ ಬರೆದುಕೊಂಡಿದೀನಿ. ಬೆಳಿಗ್ಗೆ ಆಫೀಸಿಗೆ ತಗೊಂಡು ಬಾ. ಸಾಹೇಬರು ಗಡಿಗೆಯವೇ ಅಂದರೆ ನೇರ ಠಾಣೆಗೆ." ಗೇಟಿನ ಕಾವಲುಗಾರನಿಗೆ ನಮ್ಮನ್ನು ಹೊರಗೆ ಬಿಡಬೇಡ ಎಂದು ಹೇಳಿ ಹೋದ.

ಅಪ್ಪ ತೊಟ್ಟಿಯ ಬಳಿ ಕೈಕಾಲು ತೊಳೆಯಲು ಹೋದ. ನಾನು ಏನು ಮಾಡಿದೆ, ಹೇಳಲು ನಾಚಿಕೆಯಾಗುತ್ತದೆ. ಅವನು ಗೂಟಕ್ಕೆ ಹಾಕಿದ್ದ ಟವಲು, ಬಿಚ್ಚಿಟ್ಟ ಅಂಗಿಯ ಜೇಬು ಎಲ್ಲ ತಡಕಿದೆ, ಮಣ್ಣಿನ ಗುರುತು ಸಿಗುತ್ತದೆಯೇನೋ ಎಂದು. ಮಣ್ಣು ಕೆಲಸದವನ ಬಟ್ಟೆಯಲ್ಲಿ ಮಣ್ಣು ಹುಡುಕಿದ ಪತ್ತೇದಾರಿಣಿ ಲೋಕದಲ್ಲಿ ನಾನೊಬ್ಬಳೇ ಇರಬೇಕು. ಸಿಕ್ಕಿದ್ದು ಎರಡು ಬೀಡಿ, ಒಂದು ಸುಣ್ಣದ ಡಬ್ಬಿ. ತಿರುಗಿದರೆ ಅಪ್ಪ ಹಿಂದೆ ನಿಂತಿದ್ದ, ಮೊಣಕೈಯಿಂದ ನೀರು ತೊಟ್ಟಿಕ್ಕುತ್ತಿತ್ತು.

"ಸಿಕ್ತೇನವ್ವಾ?" ಎಂದ. ದನಿಯಲ್ಲಿ ಸಿಟ್ಟಿರಲಿಲ್ಲ. ಇದ್ದಿದ್ದರೆ ಚೆನ್ನಾಗಿತ್ತು.

ಸಂಜೆ ಅವ್ವ ಬಂದಳು. "ನಾಳಿ ಒಬ್ರು ಸಾಹೇಬ್ರು ನಮ್ಮ ಲಕ್ಷ್ಮಿ ನೋಡಾಕ ಬರ್ತಾರಂತ" ಎಂದಷ್ಟೇ ಅಪ್ಪ ಹೇಳಿದ. ಐದು, ಏಳರ ಮಾತು ಎತ್ತಲಿಲ್ಲ. ಎತ್ತಿದರೆ ಮಗಳು ಅಂದದ್ದನ್ನೂ ಹೇಳಬೇಕಾಗುತ್ತಿತ್ತು. ನಾನಂತೂ ತುಟಿ ಪಿಟಕ್ಕೆನ್ನಲಿಲ್ಲ. ಇಬ್ಬರೂ ಆಡದ ಮಾತು ಆ ತಗಡಿನ ಶೆಡ್ಡಿನಲ್ಲಿ ನಾಲ್ಕನೆಯ ಮನುಷ್ಯನ ಹಾಗೆ ಕುಳಿತಿತ್ತು. ಪುಸ್ತಕ ತೆರೆದಿಟ್ಟುಕೊಂಡು ಒಂದೇ ಸಾಲನ್ನು ಓದುತ್ತ ಮಲಗಿದೆ.

ಬೆಳಿಗ್ಗೆ ಎಚ್ಚರವಾದದ್ದು ಆ ವಾಸನೆಗೆ. ಹೊರಗೆ ಕಲ್ಲಿನ ಮೇಲೆ ಕುಳಿತು ಅವ್ವ ಏಳೂ ನಾಣ್ಯಗಳನ್ನು ಹುಣಸೆಹಣ್ಣು, ಬೂದಿ ಹಚ್ಚಿ ಗಸಗಸ ತಿಕ್ಕುತ್ತಿದ್ದಳು. ಗಡಿಗೆಯ ಕಪ್ಪು ನಾಣ್ಯಗಳು ಕಣ್ಣ ಮುಂದೆ ಬಂದವು. ಇವು ಕನ್ನಡಿಯ ಹಾಗೆ ಹೊಳೆಯುತ್ತಿದ್ದವು.

"ಅವ್ವಾ! ಏನ್ ಮಾಡಾಕತ್ತಿ?"

"ಕಣ್ಣ ಕಾಣ್ಸಲ್ಲೇನು? ದೊಡ್ಡ ಸಾಹೇಬ್ರು ಮುಟ್ಟತಾರ. ಹೊಲಸ ಲಕ್ಷ್ಮಿ ಕೊಡ್ಲಾಕ ಆಗ್ತದೇನು? ವರ್ಷಾತು ತಿಕ್ಕಿ." ಅವ್ವನ ತವರು ಗುಲ್ಬರ್ಗಾದ ಕಡೆ. ನಾವು ಐತಿ ಎಂದರೆ ಅವಳು ಅದ ಎನ್ನುತ್ತಾಳೆ. "ಹೋದ ದೀಪಾವಳಿಗಿ ಸೂತಕ ಅಂತ ಹಬ್ಬಾನೇ ಮಾಡಿಲ್ಲಲ್ಲ. ನೀ ಒರಸು, ನಾ ಚಾ ಇಡ್ತೀನಿ."

ಒರೆಸಲು ಕುಳಿತೆ. ಗುರುತನ್ನೆಲ್ಲ ಅವ್ವ ತೊಳೆದುಬಿಟ್ಟಿದ್ದಳು. ಮಣ್ಣಲ್ಲಿ ಸಿಕ್ಕಿದ್ದನ್ನು ತೊಳೆದು ತಂದಿದ್ದಾರೆ ಎಂದು ಯಾರಾದರೂ ಅನ್ನುತ್ತಾರೆ. ಒರೆಸುತ್ತ ಹೆಬ್ಬೆರಳಿಗೆ ಏನೋ ತಿಳಿಯಿತು. ಮೊದಲನೆಯದರ ಗುಡಿ ನುಣ್ಣಗಿತ್ತು. ಗೋಪುರಗಳೇ ಇಲ್ಲ, ಉಬ್ಬಿದ ನೆರಳು ಮಾತ್ರ. ಎರಡನೆಯದೂ ಹಾಗೆಯೇ. ಮೂರು, ನಾಲ್ಕು, ಐದು. ಅಜ್ಜಿ, ಅವಳತ್ತೆ ವಾರ ವಾರ ಮೆತ್ತಿ, ವಾರ ವಾರ ತಿಕ್ಕಿದ ಮುಖ ಅದು. ನನ್ನ ಜೀವ ಹಗುರಾಯಿತು. ನೆಲದಲ್ಲಿ ಹೂತ ನಾಣ್ಯ ಹೀಗೆ ಸವೆಯುವುದಿಲ್ಲ. ನಮ್ಮ ಚರಿತ್ರೆಯ ಪುಸ್ತಕದಲ್ಲಿ ನಾಣ್ಯದ ಮೇಲೆ ಅಚ್ಚಾದದ್ದನ್ನು ಓದುವುದು ಹೇಗೆಂದು ಪಾಠವೇ ಇತ್ತು. ಸವೆದುಹೋದದ್ದನ್ನು ಓದುವುದು ಅಂದು ನನಗೆ ನಾನೇ ಕಲಿಸಿಕೊಂಡ ಪಾಠ.

ಆರನೆಯದಕ್ಕೆ ಬೆರಳಿಟ್ಟೆ. ಚುಚ್ಚಿತು.

ನಾಲ್ಕೂ ಮಿನಾರುಗಳು ನಿನ್ನೆ ಅಚ್ಚು ಹಾಕಿದಂತಿದ್ದವು. ಏಳನೆಯದೂ ಹಾಗೆಯೇ. ಕಮಾನಿನ ಅಂಚು ಕೂಡ ಉಗುರಿಗೆ ಸಿಗುತ್ತಿತ್ತು. ಐದು ನಮ್ಮವು, ಎರಡು ನಮ್ಮವಲ್ಲ. ನಾನು ನಿನ್ನೆ ಕೂಗಿದ್ದೇ ನಿಜ. ಅಪ್ಪ ಕದ್ದಿದ್ದಾನೆ. ಎರಡೇ ಎರಡು, ಮಗಳ ಪರೀಕ್ಷೆಗೋ ಮದುವೆಗೋ ಎಂದು ಕದ್ದಿದ್ದಾನೆ. ನನ್ನ ಕಾದಂಬರಿಗಳಲ್ಲಿ ಈ ಗಳಿಗೆ ಬಂದಾಗ ಪತ್ತೇದಾರ ಮುಗುಳ್ನಗುತ್ತಿದ್ದ. ನಾನು ಅವೆರಡನ್ನೂ ಬಟ್ಟೆಯಡಿಗೆ ಸರಿಸಿದೆ.

ಆ ಎರಡನ್ನು ತಿರುಗಿಸಿ ನೋಡಿದ್ದರೆ? ನೋಡಲಿಲ್ಲ. ಬೇಕೆಂದೇ ಬಿಟ್ಟದ್ದಲ್ಲ, ತೋಚಲೇ ಇಲ್ಲ. ನಮ್ಮ ಮನೆಯಲ್ಲಿ ಬೆಳೆದ ಬೆರಳಿಗೆ ನಾಣ್ಯಕ್ಕೆ ಒಂದೇ ಮುಖ. ಮೂರು ವರ್ಷ ಚರಿತ್ರೆ ಓದಿದ್ದೆ, ಆದರೂ ಲಕ್ಷ್ಮಿಯ ಬೆನ್ನು ನೋಡಬಾರದೆಂಬುದು ಕೈಯಲ್ಲೇ ಉಳಿದಿತ್ತು.

ಎಂಟು ಗಂಟೆಗೆ ಹೊರಟೆವು. ಶೆಡ್ಡಿನಿಂದ ಆಫೀಸಿಗೆ ಹೋಗುವ ದಾರಿ ಕುಂಟೆ ಎನ್ನುವ ಸಣ್ಣ ಕೆರೆಯ ದಂಡೆಯ ಮೇಲೆ ಹಾಯುತ್ತದೆ. ಕಟ್ಟಡದ ಕೊಳೆ ನೀರೆಲ್ಲ ಸೇರಿ ಹಸಿರುಗಟ್ಟಿದ ನೀರು. ಅಪ್ಪ ಮುಂದೆ, ನಾನು ನಡುವೆ, ಅವ್ವ ಹಿಂದೆ. ಗಂಟು ನನ್ನ ಕೈಯಲ್ಲಿ. ಅದರಿಂದ ಆ ಎರಡನ್ನು ಮೊದಲೇ ಜಾರಿಸಿ ಮುಷ್ಟಿಯಲ್ಲಿ ಹಿಡಿದಿದ್ದೆ. ಒಮ್ಮೆ ಕೈ ಬೀಸಿದರೆ ಸಾಕು. ಐದೇ ಇದ್ದವು, ನಾನು ಮೊದಲು ಹೇಳಿದ್ದೇ ಸರಿ, ಏಳು ಅಂತ ರಾಜು ತಪ್ಪು ಬರೆದುಕೊಂಡ ಎನ್ನಬಹುದು. ಓದಿದ ಹುಡುಗಿ, ಸುಳ್ಳು ಹೇಳಲ್ಲ. ಹೆಜ್ಜೆ ತಾನಾಗಿ ನಿಧಾನವಾಯಿತು. ನೀರು ಎರಡು ಮಾರು ದೂರದಲ್ಲಿತ್ತು.

ಅಪ್ಪ ತಿರುಗಿ ನೋಡಲಿಲ್ಲ. ನಡೆಯುತ್ತಲೇ, ಅವ್ವನಿಗೆ ಕೇಳಿಸದಷ್ಟು ಮೆಲ್ಲಗೆ ಹೇಳಿದ: "ಏಳೂ ತಾ. ಎಸದ್ರ ಕಳವು ಖರೇ ಆಕ್ಕೈತಿ."

ಹಾಗೆಯೇ ಮುಷ್ಟಿ ಬಿಗಿಹಿಡಿದು ನಡೆದೆ. ನಾಣ್ಯದ ಅಂಚು ಅಂಗೈಗೆ ಒತ್ತಿ ಕೆಂಪು ಗೀರು ಮೂಡಿತು.

ಆಫೀಸೆಂದರೆ ಒಂದು ತಗಡಿನ ಕೋಣೆ. ಮೇಜಿನ ಹಿಂದೆ ಖಾದರ್ ಸಾಹೇಬರು ಎಂಬ ನಾಣ್ಯದ ಅಧಿಕಾರಿ ಕುಳಿತಿದ್ದರು. ಹಳೇ ಪಟ್ಟಣದವರು, ಬಿಳಿ ಗಡ್ಡ, ಕಣ್ಣಿಗೆ ಸಿಕ್ಕಿಸಿಕೊಳ್ಳುವ ಸಣ್ಣ ಭೂತಗನ್ನಡಿ. ಗಡಿಗೆಯ ಕಪ್ಪು ನಾಣ್ಯಗಳನ್ನು ಬಿಳಿ ಕಾಗದದ ಮೇಲೆ ಸಾಲಾಗಿ ಇಟ್ಟಿದ್ದರು. ಅವೂ ಚಾರ್ಮಿನಾರಿನವೇ. ಏಳನ್ನೂ ಕಾಗದದ ಮೇಲಿಟ್ಟೆ.

ರಾಜು ಮೊದಲು ನೋಡಿದ್ದು ಹೊಳಪನ್ನು. "ನೋಡಿ ಸಾರ್! ನಿನ್ನೆ ಮಬ್ಬಾಗಿದ್ದವು. ಬೆಳಗಾಗೋದರೊಳಗೆ ತೊಳೆದು ತಂದಿದಾರೆ. ಇನ್ನೇನು ಬೇಕು? ಇವನ ಮಗಳೇ ಹೇಳಿದಾಳೆ, ಐದೇ ಇದ್ದವು ಅಂತ."

ಅವ್ವ ಸರಕ್ಕನೆ ನನ್ನತ್ತ ತಿರುಗಿದಳು. ಅವಳಿಗೆ ವಿಷಯ ತಿಳಿದದ್ದು ಆಗಲೇ. ಆ ಕಣ್ಣನ್ನು ತಪ್ಪಿಸಿಕೊಳ್ಳಲು ನಾನು ಸಾಹೇಬರತ್ತ ಬಾಗಿ, ಹಿಂದಿಯಲ್ಲಿ ತೊದಲುತ್ತ, ನಮ್ಮ ನಾಣ್ಯದಲ್ಲಿ ಕಟ್ಟಡದ ಕಡೆ ಮಾತ್ರ ಸವೆದಿದೆ, ಕುಂಕುಮ ಮೆತ್ತಿ ತಿಕ್ಕಿದ್ದರಿಂದ, ಗಡಿಗೆಯವು ಹಾಗಿಲ್ಲ, ಮುಟ್ಟಿ ನೋಡಿ ಎಂದೆ. ಸಾಹೇಬರು ಹುಬ್ಬೇರಿಸಿದರು. ಮುಟ್ಟಿದರು. ಗಡಿಗೆಯ ನಾಣ್ಯವೊಂದನ್ನು ಬೆರಳ ನಡುವೆ ಹೊರಳಿಸಿದರು.

"ಹೌ. ಸಹೀ ಬೋಲ್‌ರೀ ಬಚ್ಚಿ" ಎಂದು, ಹುಡುಗಿ ಹೇಳಿದ್ದು ಸರಿ ಎಂಬಂತೆ ತಲೆಯಾಡಿಸಿದರು. ಒಂದೊಂದಾಗಿ ಐದನ್ನು ಬದಿಗೆ ಸರಿಸಿದರು. ಆರನೆಯದಕ್ಕೆ ಬಂದಾಗ ಬೆರಳು ನಿಂತಿತು. ಏಳನೆಯದನ್ನೂ ಮುಟ್ಟಿದರು. ತಲೆಯೆತ್ತಿ ನನ್ನನ್ನೇ ನೋಡಿದರು. "ಔರ್ ಯೇ ದೋ?"

ನಾನೇ ಕಟ್ಟಿದ ಸಾಕ್ಷಿ ಐದನ್ನು ಬಿಡಿಸಿ ಎರಡನ್ನು ಹಿಡಿದುಕೊಟ್ಟಿತ್ತು. ರಾಜು ಮೊಬೈಲು ತೆಗೆದ. ಠಾಣೆಯ ನಂಬರು ಅವನ ಬಳಿ ಇತ್ತು. ಅಪ್ಪ ಗೋಡೆಗೆ ಒರಗಿ ನಿಂತವನು ಹೆಗಲ ಟವಲು ತೆಗೆದು ಮಡಚಿ ಕಂಕುಳಲ್ಲಿ ಇಟ್ಟುಕೊಂಡ, ಹೊರಡಲು ಸಿದ್ಧನಾದವನ ಹಾಗೆ. ಅದನ್ನು ನಾನು ಮರೆತಿಲ್ಲ.

"ಏ, ನಿಂದ್ರಪಾ ನೀ, ಫೋನ್ ಹಚ್ಚಬ್ಯಾಡ" ಎಂದು ಅವ್ವ ಸೆರಗು ಸಿಕ್ಕಿಸಿಕೊಂಡು ಮುಂದೆ ಬಂದಳು. "ಸಾಹೇಬ್ರ, ಅವೆರಡು ನಮ್ಮ ತವರಮನೀವು. ಹೋದ ವರ್ಷ ನಮ್ಮವ್ವ ಸತ್ತಾಗ ನನ್ನ ಪಾಲಿಗಿ ಬಂದಾವ. ಅವುನ್ನ ಹೊಳ್ಳಿಸಿ ನೋಡ್ರಿ."

ಸಾಹೇಬರಿಗೆ ಕನ್ನಡ ಅಷ್ಟಿಷ್ಟು ತಿಳಿಯುತ್ತಿತ್ತು. ಆದರೆ 'ಹೊಳ್ಳಿಸಿ' ಎಂದದ್ದು ತಿಳಿಯದೆ ಅವ್ವನ ಮುಖ ನೋಡಿದರು. ಅವ್ವನೇ ಕೈಚಾಚಿ ಎರಡನ್ನೂ ಬೋರಲು ಹಾಕಿದಳು. ನಮ್ಮ ಮನೆಯಲ್ಲಿ ಯಾರೂ ಮಾಡದ ಕೆಲಸ.

ಬರಹದ ಕಡೆ ಗಾಜಿನಂತೆ ನುಣುಪಾಗಿತ್ತು. ಒಂದಕ್ಷರವೂ ಉಳಿದಿರಲಿಲ್ಲ.

"ನಮ್ಮ ತವರಾಗ ಗುಡಿ ಕಡಿ ಹಚ್ಚಂಗಿಲ್ಲ. ನಮ್ಮವ್ವ ಅಕ್ಷರಕ್ಕ ಕುಂಕುಮ ಹಚ್ಚಾಕಿ."

ಸಾಹೇಬರು ಜೇಬಿನಿಂದ ಗುಂಡುಸೂಜಿ ತೆಗೆದರು. ನಾಣ್ಯದ ಅಂಚಿನುದ್ದಕ್ಕೂ ಇರುವ ಚುಕ್ಕಿಗಳ ಸಂದಿಯಲ್ಲಿ ಮೆಲ್ಲಗೆ ಕೆರೆದರು. ಕಾಗದದ ಮೇಲೆ ಎಳ್ಳಿನಷ್ಟು ಪುಡಿ ಬಿತ್ತು. ಕೆಂಪು. ಅವ್ವನ ಹುಣಸೆಹಣ್ಣು ಅಲ್ಲಿಗೆ ತಲುಪಿರಲಿಲ್ಲ. ಗಡಿಗೆಯ ನಾಣ್ಯವನ್ನು ಕೆರೆದರು. ಕಪ್ಪು ಮಣ್ಣು ಬಿತ್ತು. ಎರಡು ಪುಡಿಗಳನ್ನೂ ಪಕ್ಕಪಕ್ಕ ಇಟ್ಟು ರಾಜುವಿನ ಮುಂದೆ ಕಾಗದ ತಿರುಗಿಸಿದರು. "ದೇಖೋ ಮಿಯಾಂ. ಫೋನ್ ಜೇಬ್ ಮೆ ರಖೋ."

ಆಮೇಲೆ ಅವ್ವನತ್ತ ತಿರುಗಿ ನಕ್ಕರು. "ಅಮ್ಮಾ, ಯೇ ಗುಡಿ ನೈ. ಹಮಾರಾ ಚಾರ್ಮಿನಾರ್ ಹೈ."

"ನಿಮ್ಗ ಚಾರ್ಮಿನಾರ್ ಇರ್ಲಿರಿ. ಇವ್ರ ಮನ್ಯಾಗ ಅದು ಗುಡೀನೇ" ಎಂದಳು ಅವ್ವ, ಅಪ್ಪನ ಕಡೆ ಗದ್ದ ತೋರಿಸಿ. ಸಾಹೇಬರ ನಗು ನಿಂತಿತು. ಸವೆದ ಐದನ್ನೂ ಮತ್ತೊಮ್ಮೆ ಅಂಗೈಯಲ್ಲಿಟ್ಟುಕೊಂಡು ಬಹಳ ಹೊತ್ತು ನೋಡಿದರು. ಬಟ್ಟೆಯನ್ನು ತಾವೇ ಹಾಸಿ, ಗುಡಿ ಮೇಲೆ ಬರುವಂತೆ ಐದನ್ನು, ಬರಹದ ಕಡೆ ಮೇಲೆ ಬರುವಂತೆ ಎರಡನ್ನು ಇಟ್ಟು ಗಂಟು ಕಟ್ಟಿ ಎರಡೂ ಕೈಯಿಂದ ಅವ್ವನಿಗೆ ಕೊಟ್ಟರು.

ರಾಜು ತಪ್ಪಾಯಿತು ಎನ್ನಲಿಲ್ಲ. "ಸರಿ ಸರಿ, ಕೆಲಸಕ್ಕೆ ನಡಿ ಮೇಸ್ತ್ರಿ" ಎಂದ. ಅಪ್ಪ ಟವಲು ಬಿಚ್ಚಿ ತಲೆಗೆ ಸುತ್ತಿ ಪಾಯಕ್ಕೆ ಇಳಿದ. ಗಡಿಗೆಯಿಂದ ನಿಜಕ್ಕೂ ಏನಾದರೂ ಕಾಣೆಯಾಗಿತ್ತೇ, ಆಗಿದ್ದರೆ ಯಾರ ಪಾಲಾಯಿತು, ನನಗೆ ಇಂದಿಗೂ ಗೊತ್ತಿಲ್ಲ. ಕಾದಂಬರಿಯಾಗಿದ್ದರೆ ಸುಶೀಲಾಬಾಯಿಯವರು ಹಣ ವಾಪಸ್ಸು ಕೇಳುತ್ತಿದ್ದರು.

ಪತ್ತೇದಾರಿ ಕಾದಂಬರಿ ಕಳ್ಳ ಸಿಕ್ಕಲ್ಲಿಗೆ ಮುಗಿಯುತ್ತದೆ. ಕಳ್ಳನಲ್ಲ ಎಂದು ಸಾಬೀತಾದವನು ಆ ದಿನ ಮನೆಗೆ ಹೋಗಿ, ತನ್ನನ್ನು ಅನುಮಾನಿಸಿದವರ ಎದುರು ಕುಳಿತು ಹೇಗೆ ಉಂಡ ಎಂದು ಯಾವ ಪುಸ್ತಕವೂ ಬರೆಯುವುದಿಲ್ಲ. ಅಪ್ಪ ಎಂದಿನಂತೆ ಉಂಡ. "ಓದ್ಕೊ ಯವ್ವಾ, ಪರೀಕ್ಷಾ ಬಂತು" ಎಂದ. ನಾನು ಓದಿದೆ, ಪಾಸಾದೆ, ಬಿ.ಇಡಿ. ಮಾಡಿದೆ, ಚರಿತ್ರೆಯ ಮೇಡಂ ಆದೆ. ಮಕ್ಕಳಿಗೆ ನಾಣ್ಯಗಳ ಪಾಠ ಬಂದಾಗಲೆಲ್ಲ ಎರಡೂ ಬದಿ ನೋಡಿ ಎನ್ನುತ್ತೇನೆ. ಯಾಕೆ ಎಂದು ಹೇಳುವುದಿಲ್ಲ. ಅಪ್ಪನ ಬಳಿ ಮಾತ್ರ ಆ ಸಂಗತಿಯನ್ನು ಎತ್ತಲಿಲ್ಲ. ವರ್ಷ ಕಳೆದಂತೆ ಅದು ಇನ್ನಷ್ಟು ಭಾರವಾಯಿತೇ ಹೊರತು ಹಗುರಾಗಲಿಲ್ಲ.

ಮೊನ್ನೆ ಭಾನುವಾರ ಆ ವಾಸನೆಯ ಕೈಯಲ್ಲೇ ಹೋಗಿ ಅವನ ಪಕ್ಕ ಕುಳಿತೆ. ಅಪ್ಪ, ಅವ್ವ ಈಗ ನನ್ನ ಜೊತೆಗೇ ಇರುತ್ತಾರೆ. ಅವನು ಬಾಲ್ಕನಿಯಲ್ಲಿ ಕುಳಿತು ಕೆಳಗೆ ಹೋಗುವ ಮೆಟ್ರೋದ ಕಂಬಗಳನ್ನು ನೋಡುತ್ತಿದ್ದ. ಅವುಗಳ ಪಾಯ ಎಷ್ಟು ಆಳ ಇರಬೇಕೆಂದು ಅವನಿಗೆ ದಿನಾ ಒಂದು ಲೆಕ್ಕ.

"ಅಪ್ಪಾ, ಅವತ್ತು ನಿನ್ನ ಮ್ಯಾಲೆ ಅನುಮಾನ ಪಟ್ಟಿದ್ದೆ. ತಪ್ಪಾತು."

ಯಾವತ್ತು ಎಂದು ಅವನು ಕೇಳಲಿಲ್ಲ. "ನೀ ಏನ್ ಸುಳ್ಳ ಹೇಳಿದ್ದಿಲ್ಲ ಬಿಡು. ಐದ ಇದ್ದವು. ಖರೇನ ಹೇಳಿದಿ. ಅವರ ಮುಂದ ಹೇಳೂಕಿಂತ ಮದ್ಲ ನನ್ನ ಕೇಳಬೇಕಿತ್ತು, ಅಷ್ಟ."

"ಕೇಳಿದ್ರ ಏನ್ ಹೇಳ್ತಿದ್ದಿ?"

"ನಂಗೂ ಗೊತ್ತಿಲ್ಲವ್ವಾ ಅಂತಿದ್ದೆ."

ನಾನು ಅವನ ಮುಖವನ್ನೇ ನೋಡಿದೆ. ಅವನಿಗೂ ಗೊತ್ತಿರಲಿಲ್ಲ. ಗಂಡಸು ಮುಟ್ಟದ ಗಂಟು ಅದು. ತವರಿನಿಂದ ಬಂದದ್ದನ್ನು ಅವ್ವ ಅದರೊಳಗೆ ಸೇರಿಸಿದ್ದು ಅವನಿಗೆ ಹೇಗೆ ಗೊತ್ತಾಗಬೇಕು? ಆ ಇಡೀ ರಾತ್ರಿ ನಾನು ಕಳ್ಳನೆಂದು ತಿಳಿದವನು ನನ್ನಷ್ಟೇ ಕತ್ತಲಲ್ಲಿ ಮಲಗಿದ್ದ. "ಮತ್ತ ಕುಂಟಿ ದಂಡಿ ಮ್ಯಾಲೆ ಏಳೂ ತಾ ಅಂದ್ಯಲ್ಲ? ಗೊತ್ತಿಲ್ದ ಹೆಂಗ ಅಂದಿ?"

"ನಿಮ್ಮವ್ವ ಇಟ್ಟಾಳಂದ್ರ ಕಳವಿನವು ಹೆಂಗ ಇರ್ತಾವು? ಅದರಾಗ ಕೇಳೂದೇನೈತಿ?"

ಒಳಗಿನಿಂದ ಅವ್ವನ ದನಿ ಬಂತು. ಅವಳ ಕಿವಿ ಇನ್ನೂ ಚುರುಕು. "ಕೇಳಿದ್ರ ನಾ ಹೇಳ್ತಿದ್ದಿಲ್ಲೇನು? ಅಪ್ಪ ಮಗಳು ಇಬ್ರೂ ಬಾಯಿಗಿ ಬೀಗ ಹಾಕ್ಕೊಂಡು ಕುಂತ್ರಿ. ದೊಡ್ಡ ಶಾಣ್ಯಾರು!"

ಅಪ್ಪ ನಕ್ಕ. ನನಗೂ ನಗು ಬಂತು, ಕಣ್ಣಲ್ಲಿ ನೀರೂ. ಇಷ್ಟೆಲ್ಲ ಪತ್ತೆ ಮಾಡಿದವಳು, ಗೊತ್ತಿದ್ದ ಒಬ್ಬಳನ್ನೇ ಕೇಳಿರಲಿಲ್ಲ. ಇನ್ನಾದರೂ ಕೇಳೋಣ ಎನಿಸಿ ಅಡುಗೆಮನೆಯ ಬಾಗಿಲಿಗೆ ಹೋಗಿ ನಿಂತೆ.

"ಅವ್ವಾ, ನಿಮ್ಮವ್ವ ಎಲ್ಲಾರ ಹಂಗ ಗುಡಿಗಿ ಹಚ್ಚಲಾರ್ದ ಅಕ್ಷರಕ್ಕ ಯಾಕ ಹಚ್ಚತಿದ್ಲು?"

ಅವ್ವ ಹಿಟ್ಟು ನಾದುತ್ತಲೇ ಹೇಳಿದಳು: "ಅಕಿಗಿ ಓದ್ಲಾಕ ಬರ್ತಿದ್ದಿಲ್ಲಲ್ಲ, ಅದಕ್ಕ. ನಂಗೂ ಬರಲ್ಲ. ನಿನ್ನ ಡಿಗ್ರಿ ಕಾಗದಕ್ಕೂ ಹಚ್ಚೀನಿ, ನೋಡಿಲ್ಲೇನು?"

ಹೋಗಿ ಬೀರು ತೆಗೆದೆ. ಎಷ್ಟೋ ಸಂದರ್ಶನಗಳಲ್ಲಿ, ಎಷ್ಟೋ ಮೇಜುಗಳ ಮೇಲೆ ಇಟ್ಟು ತೋರಿಸಿದ ಕಾಗದ ಅದು. ಪ್ಲಾಸ್ಟಿಕ್ಕಿನ ಹಾಳೆಯೊಳಗೆ, ನನ್ನ ಹೆಸರಿನ ಮೊದಲಕ್ಷರದ ಮೇಲೆ, ಮಾಸಿದ ಕೆಂಪು. ಸೀಲಿನ ಮಸಿ ಹರಡಿದೆ ಅಂದುಕೊಂಡಿದ್ದೆ. ಕಿಟಕಿಯ ಬೆಳಕಿಗೆ ಹಿಡಿದಾಗ ಹೆಬ್ಬೆರಳಿನ ಗೆರೆಗಳು ಕಂಡವು.